ಖಾಲಿ ಊರಿನ ಹಸಿ ಅಂಗಳ

ನನ್ನ ಮೈದುನ ಊರು ಹಾಳು ಮಾಡುವುದರಲ್ಲಿ ಎತ್ತಿದ ಕೈ. ಅದಕ್ಕೆ ಅವನಿಗೆ ಸಂಬಳ ಬೇರೆ ಕೊಡುತ್ತಾರೆ! ಗಾಬರಿಯಾಗಬೇಡಿ. ಸಿನಿಮಾದಲ್ಲಿ ಕಾಣುವ ಕೋಟೆ, ಕಾಡು, ಪಾಳುಬಿದ್ದ ಊರು ಎಲ್ಲ ನಿಜವೆಂದುಕೊಂಡಿದ್ದೀರಾ? ಎಷ್ಟೋ ಊರುಗಳು ಬೀದರಿನ ನಮ್ಮ ಮನೆಯ ಮೂಲೆಕೋಣೆಯಲ್ಲಿ, ಇವನ ಕಂಪ್ಯೂಟರಿನೊಳಗೆ ಹುಟ್ಟಿದವು.

ಆ ಊರುಗಳಿಗೆ ಗೋಡೆ ಬೇಕಲ್ಲ? ಹೋದಲ್ಲೆಲ್ಲ ಗೋಡೆಯ ಫೋಟೋ ತೆಗೆಯುತ್ತಾನೆ. ಭಾಲ್ಕಿಯ ಮದುವೆಯೊಂದರಲ್ಲಿ ಮದುಮಗಳನ್ನೇ ಪಕ್ಕಕ್ಕೆ ಸರಿಸಿ, ಹಿಂದಿನ ಗಿಲಾವು ಉದುರಿದ ಗೋಡೆಯ ಫೋಟೋ ತೆಗೆದ ಮಹಾನುಭಾವ! ಔರಾದಿನಲ್ಲಿ ಅಜ್ಜಿಯೊಬ್ಬಳು ಕೇಳಿಯೇಬಿಟ್ಟಳಂತೆ: "ಬಿರಕಿನ ಫೋಟೋ ಹೊಡೀತಿ, ನಿನ್ನ ತಲೀನೂ ಬಿರಕ ಬಿಟ್ಟದೇನಪ್ಪ?"

ಒಂದು ದಿನ ಚಹಾ ಕೊಡಲು ಹೋದರೆ, ದೆವ್ವದ ಮನೆಯ ಗೋಡೆಯ ಮೇಲೆ ನನ್ನ ಒಗ್ಗರಣೆಯ ಕಲೆ!

"ಇದು ನನ್ನ ಅಡಿಗಿ ಮನಿ ಅಲ್ಲೇನೋ?"

"ಹೌದ್ರಿ ವೈನಿ. ಇಂಥಾ ಛಲೋ ಮಸಿ ಎಲ್ಲೂ ಸಿಗಂಗಿಲ್ರಿ."

ದೆವ್ವದ ಸಿನಿಮಾ ಒಂದಕ್ಕೆ ಅವನು ಕಟ್ಟುತ್ತಿದ್ದ, ಬರಗಾಲಕ್ಕೆ ಜನ ಗುಳೆ ಹೋಗಿ ಬರಿದಾದ ಊರು ಅದು. ತೆರೆದ ಬಾಗಿಲು, ಹಗ್ಗ ಹರಿದ ಹೊರಸು, ಮುಚ್ಚಿದ ಹಿಟ್ಟಿನ ಗಿರಣಿ. ಕೋಣೆಯ ಮುಂದೆ ಹಾಯುವಾಗ ಹಾಡುಹಗಲಲ್ಲೇ ನನಗೆ ದಿಗಿಲು. ಯಾವುದೋ ಬಾಗಿಲಿನಿಂದ ಯಾರೋ ಇಣುಕಿದ ಹಾಗೆ! ಅದರಲ್ಲೂ ಒಂದು ಮನೆಯ ಮುಂದೆ ಮಾತ್ರ ನೆಲ ಹಸಿ. ಆಗತಾನೇ ಯಾರೋ ನೀರು ಚಿಮುಕಿಸಿ ಒಳಗೆ ಹೋದಂತಿತ್ತು.

ನಿರ್ದೇಶಕರು ಫೋನಿನಲ್ಲೇ ರೇಗಿದರು: "ಊರಲ್ಲಿ ಒಂದು ನರಪಿಳ್ಳೆ ಇಲ್ಲ, ನೀರು ಯಾರು ಹಾಕಿದರು? ಸಂಜೆಯೊಳಗೆ ಒಣಗಿಸಿ. ಇಲ್ಲವೇ ಕೆಲಸ ಬೇರೆಯವರಿಗೆ ಕೊಡುತ್ತೇನೆ."

"ಒಣಗಿಸಿಬಿಡೋ, ಏನ್ ಹೋಗ್ತದ?" ಎಂದೆ.

"ಆಗಂಗಿಲ್ರಿ ವೈನಿ. ಅದು ನಮ್ಮೂರು ಭಾತಂಬ್ರಾದಾಗಿನ ನಮ್ಮ ಮನಿ ಬಾಗ್ಲರಿ. ಬರಗಾಲದಾಗ ಕೀಲಿ ಹಾಕಿ ಹೈದರಾಬಾದಿಗಿ ಹೊಂಟಾಗ, ಅವ್ವ ಕೊಡದ ತಳದ ನೀರ ಅಂಗಳಕ್ಕ ಹೊಡದಳ್ರಿ. ಅಪ್ಪ ಒದರಾಡಿದ, ದಾರ್ಯಾಗ ಕುಡೀಲಿಕ್ಕ ಆಗ್ತಿತ್ತಂತ. 'ಬಾಗ್ಲ ಮುಂದ ನೀರು ಬಿದ್ದಿಲ್ಲಂದ್ರ ಮನ್ಯಾಗ ಯಾರೂ ಇಲ್ಲಂತ ತಿಳೀತಾರ. ನಾ ತಿರುಗಿ ಬರೋಳು' ಅಂದಳು. ಬರಲಿಲ್ಲರಿ."

ಅತ್ತೆ ಹೈದರಾಬಾದಿನಲ್ಲೇ ಜ್ವರ ಬಂದು ತೀರಿಕೊಂಡಿದ್ದು ನನಗೆ ಗೊತ್ತಿತ್ತು. ಈ ನೀರಿನ ಸಂಗತಿ ಮಾತ್ರ ನನ್ನ ಗಂಡನೂ ಬಾಯಿಬಿಟ್ಟಿರಲಿಲ್ಲ.

"ಆ ಕಡಿ ಸರಿ," ಎಂದೆ. "ಬರೇ ನೀರು ಬಿಸಲಿಗಿ ಆರ್ತದ."

ಮೌಸು ಹಿಡಿದು, ನಾನು ಕಣ್ಣಾರೆ ಕಾಣದ ಅತ್ತೆಯ ಬಾಗಿಲಿಗೆ ರಂಗೋಲಿ ಎಳೆದೆ. ಸೊಟ್ಟಗಾಯಿತು!

ಸಂಜೆ ನಿರ್ದೇಶಕರು ನೋಡಿದರು. ಕೂಡಲೇ ಫೋನು: "ಅಯ್ಯೋ, ಖಾಲಿ ಊರಲ್ಲಿ ರಂಗೋಲಿ! ನನಗೇ ಮೈ ಜುಮ್ಮೆಂದಿತು. ಇರಲಿ, ಇರಲಿ!"

ಬೀದರಿನ ಟಾಕೀಸಿನಲ್ಲಿ ಆ ಬಾಗಿಲು ಬಂದದ್ದೇ ತಡ, ಮಂದಿ ಚಿಟ್ಟನೆ ಚೀರಿದರು. "ದೆವ್ವ ಅದ, ಒಳಗ ದೆವ್ವ ಅದ!" ಎಂದು ಯಾರೋ ಕೂಗಿದರು.

ಪಕ್ಕದಲ್ಲಿ ಮೈದುನ ಮೆಲ್ಲಗೆ ಅಂದ: "ವೈನಿ, ಅವ್ವ ಮನ್ಯಾಗ ಅದಾಳ್ರಿ."

ನಾನು ಲಗುಬಗೆಯಿಂದ ತಲೆಯ ಮೇಲೆ ಸೆರಗು ಎಳೆದುಕೊಂಡೆ. ಅತ್ತೆಯ ಎದುರು ಬರಿತಲೆಯಲ್ಲಿ ಹೇಗೆ ಕೂರಲಿ?