ಕಂಪ್ಯೂಟರ್ ಹಾಕಿದ ಲೇಔಟು

ಮೊಮ್ಮಗಳು ಹುಟ್ಟಿದ ಮೇಲೆ ನನ್ನ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಓದಿದ್ದು ಮೂರನೇ ಕ್ಲಾಸಾದರೂ ಲೋಕಜ್ಞಾನದಲ್ಲಿ ದಾಸರಹಳ್ಳಿಗೇ ನಾನು ಮುಂದು ಎಂದು ನಂಬಿದ್ದವಳು.

ಅಂದು ಕೂಸಿಗೆ ನೀರೆರೆಯುತ್ತಿದ್ದೆ. ಅದು ಒಂದೇ ಸಮನೆ ಕಿರುಚುತ್ತಿತ್ತು. ಗೋಡೆಯಾಚೆ ಮಗ ಕೆಂಪಣ್ಣ ಹೆಂಡತಿಗೆ ಏನೋ ಹೇಳುತ್ತಿದ್ದ. ಅವನು ಪೀಣ್ಯದ ಫ್ಯಾಕ್ಟರಿಯಲ್ಲಿ ಯಂತ್ರಗಳ ನಕ್ಷೆ ಬರೆಯುವವನು. ನನ್ನ ಕಿವಿಗೆ ಬಿದ್ದದ್ದು ಇಷ್ಟು:

"ಕಂಪ್ಯೂಟರ್ ಬಂದೈತೆ ಜಯಾ, ಡ್ರಾಯಿಂಗೆಲ್ಲ ಅದೇ ಬರೀತದೆ. ಇನ್ನು ನಮ್ಗೆ ಲೇಔಟೇ. ಅವ್ವಂಗೆ ಹೇಳ್ಬೇಡ."

ಲೇಔಟು! ಸುತ್ತಲಿನ ರಾಗಿ ಹೊಲಗಳೆಲ್ಲ ಕಲ್ಲು ನೆಡಿಸಿಕೊಂಡು ಲೇಔಟಾದದ್ದನ್ನು ಕಣ್ಣಾರೆ ಕಂಡವಳು ನಾನು. ಕಂಪನಿ ಸೈಟು ಕೊಡುತ್ತಿದೆ, ಮಗ ಗುಟ್ಟು ಮಾಡುತ್ತಿದ್ದಾನೆ! ಎಲ್ಲಾ ಕೂಸಿನ ಕಾಲ್ಗುಣ!

ವಿಷಯ ಹೇಳಿದ್ದೇ ಪಕ್ಕದ ಮನೆ ಪುಟ್ಟಮ್ಮ ಎಚ್ಚರಿಸಿದಳು. "ಸುಮ್ನೆ ಕುಂತ್ರೆ ಆಗಾಕಿಲ್ಲ ಅಕ್ಕಾ. ಓಗಿ ದೊಡ್ಡೋರ್‌ನ ಕೇಳಿ. ಇಲ್ದಿದ್ರೆ ಮೂಲೆ ಸೈಟು ಬೇರೆಯೋರ ಪಾಲು!"

ರವೆಉಂಡೆ ಕಟ್ಟಿಕೊಂಡು ಫ್ಯಾಕ್ಟರಿಗೇ ಹೊರಟೆ. ನೇರ ಮ್ಯಾನೇಜರ ಕೋಣೆಗೇ ಹೊಕ್ಕೆ. ಪಕ್ಕದ ಗಾಜಿನ ಕೋಣೆಯಲ್ಲಿ ಟೀವಿಯಂಥ ಡಬ್ಬಿ. ಅದರ ತುಂಬ ಹಸಿರು ಗೆರೆ, ಸಾಲಾಗಿ ಚೌಕಗಳು, ನಡುವೆ ರಸ್ತೆ. ಇನ್ನೇನು ಅನುಮಾನ!

"ಸಾಮೀ, ನಾನು ಕೆಂಪಣ್ಣನ ಅವ್ವ. ಕಂಪ್ಯೂಟರ್ ಬಂದ್ಮೇಲೆ ಅದೇನೋ ಮಾಡ್ತೀರಂತಲ್ಲ, ನನ್ನ ಮಗಂಗೇ ಮೊದ್ಲು ಮಾಡ್ಬಿಡಿ!"

ಮ್ಯಾನೇಜರು ಕುರ್ಚಿಯಿಂದ ಎದ್ದೇಬಿಟ್ಟರು. "ಯೋಚ್ನೆ ಮಾಡಿ ಹೇಳ್ತಿದ್ದೀರಾಮ್ಮ? ಮನೇಲಿ ಮಗು ಬೇರೆ ಹುಟ್ಟಿದೆ."

"ಅದ್ಕೇ ಸಾಮೀ! ಕೂಸು ಬಂದ ಗಳಿಗೇಲೇ ಆಗೋಗ್ಲಿ!"

"ಯಾರನ್ನ ಮೊದಲು ಅನ್ನೋದೇ ನಮಗೆ ಸಂಕಟವಾಗಿತ್ತು. ಒಬ್ಬರೂ ಒಪ್ತಿರಲಿಲ್ಲ. ನಿಮ್ಮದು ದೊಡ್ಡ ಮನಸ್ಸು" ಎಂದು ಕೈಮುಗಿದರು.

ಅಷ್ಟು ದೊಡ್ಡವರು ನನಗೆ ಕೈಮುಗಿಯುವುದೆಂದರೆ! ಉಬ್ಬಿಹೋದೆ. ಇಡೀ ಆಫೀಸಿಗೆ ರವೆಉಂಡೆ ಹಂಚಿದೆ. ಅಲ್ಲಿದ್ದವರು ಯಾಕೋ ತಲೆ ಎತ್ತದೆ ತಿಂದರು.

ಸಂಜೆ ಕೆಂಪಣ್ಣ ಸ್ಕೇಲು, ಪೆನ್ಸಿಲುಗಳನ್ನೆಲ್ಲ ಚೀಲಕ್ಕೆ ತುಂಬಿಕೊಂಡು ಬಂದ.

"ಮೂಲೆ ಸೈಟೇ ಸಿಕ್ತೇನೋ ಮಗಾ?"

ಅವನು ಹೊಸ್ತಿಲ ಮೇಲೇ ಕುಸಿದು ಕುಳಿತ. "ಲೇಔಟಲ್ಲ ಕಣವ್ವಾ, ಲೇಆಫು! ಕೆಲ್ಸ ಇಲ್ಲ ಅಂತ ಮನೇಗ್ ಕಳ್ಸೋದು. ನಾನು ಉಳ್ಕೊಂಡ್ರೂ ಉಳ್ಕೋತಿದ್ದೆ. ನಿಮ್ಮ ತಾಯೀನೇ ಬಂದು ಬೇಡ್ಕೊಂಡ್ರು ಅಂದ್ರು ಮ್ಯಾನೇಜ್ರು."

ಸೊಸೆ ಕೂಸನ್ನೆತ್ತಿಕೊಂಡು ಒಳಗೆ ಹೋದಳು. ಬೈದಿದ್ದರೆ ಚೆನ್ನಾಗಿತ್ತು.

ಅರ್ಜಿಯಿಲ್ಲದೆ, ಅಲೆದಾಟವಿಲ್ಲದೆ, ಬಾಯಿಬಿಟ್ಟು ಕೇಳಿದ ಕೂಡಲೇ ಈ ಜನ್ಮದಲ್ಲಿ ನನಗೆ ಆದ ಕೆಲಸ ಅದೊಂದೇ. ಮಗನ ಕೆಲಸ ಹೋದದ್ದು!