ಹಕ್ಕಿ ಓಡಿಸುವವನ ಮನೆಯ ತಿಥಿ

ಅಪ್ಪನ ವರ್ಷದ ತಿಥಿಯನ್ನು ಇಡೀ ಬೀದಿ ಮೂಗಿನ ಮೇಲೆ ಬೆರಳಿಟ್ಟು ನೋಡುವಂತೆ ಮಾಡುತ್ತೇನೆ ಎಂದು ಬಲೆ ಅಂಗಡಿಯ ಯಜಮಾನ ಘೋಷಿಸಿಬಿಟ್ಟಿದ್ದ. ಬಾಲ್ಕನಿಗೆ, ಮಾಳಿಗೆಗೆ ಬಲೆ ಕಟ್ಟಿ ಹಕ್ಕಿಗಳನ್ನು ಓಡಿಸುವುದು ಅವನ ಕಸುಬು. ತಾನು ಕೈಯಿಟ್ಟ ಬೀದಿಯಲ್ಲಿ ಗುಬ್ಬಿಯೂ ಅಪ್ಪಣೆ ಕೇಳಿಯೇ ಹಾರಬೇಕು ಎಂಬುದು ಅವನ ಹೆಮ್ಮೆ.

ಎಳ್ಳು-ನೀರು, ಮಂತ್ರ ಎಲ್ಲ ಸಾಂಗವಾಗಿ ಮುಗಿಯಿತು. ಪುರೋಹಿತರು ಪಿಂಡವನ್ನು ಎಲೆಯ ಮೇಲಿಟ್ಟು ಮಾಳಿಗೆಗೆ ಕಳಿಸಿದರು.

"ಕಾಗೆ ಮುಟ್ಟಿದ್ರೆ ನಿಮ್ಮ ತಂದೆಯವರಿಗೆ ಸಲ್ಲಿತು ಅಂತ. ಅಲ್ಲೀವರೆಗೂ ಯಾರೂ ಊಟಕ್ಕೆ ಕೂರೋ ಹಾಗಿಲ್ಲ."

ಯಜಮಾನ "ಕಾ, ಕಾ" ಎಂದು ಕರೆದ. ಆಕಾಶ ಒಗೆದ ಪಂಚೆಯ ಹಾಗೆ ಶುಭ್ರವಾಗಿತ್ತು. ಇನ್ನೊಮ್ಮೆ ಕರೆದ. ಎಲ್ಲಿಂದಲೋ ಗಿಡುಗ ಕಿರುಚಿತು. ಕಾಗೆಗಳನ್ನು ಬೆದರಿಸಲು ಗಿಡುಗದ ಕೂಗು ಹಾಕುವ ಧ್ವನಿಪೆಟ್ಟಿಗೆ ಅದು!

"ಅದನ್ನ ಆರಿಸೋದು ಮರೆತ್ರಾ?" ಎಂದಳು ಹೆಂಡತಿ.

"ನಮ್ಮದು ಆರಿಸಿದೀನಿ ಕಣೆ. ಇದು ಪಕ್ಕದ ಮನೇದು."

"ಅದನ್ನ ಹಾಕ್ದೋರು ಯಾರು?"

ಯಜಮಾನ ಎಲೆ ಹಿಡಿದು ಪಕ್ಕದ ಮಾಳಿಗೆಗೆ ಓಡಿದ. ಅದರಾಚೆಯದಕ್ಕೂ ಹತ್ತಿದ. ಎಲ್ಲೆಲ್ಲೂ ಅವನದೇ ಬಲೆ, ಹಕ್ಕಿ ಬೆದರಿಸಲು ಅವನೇ ಕಟ್ಟಿದ ಹೊಳೆಯುವ ಪಟ್ಟಿ. ಮಾಡಿದ್ದುಣ್ಣೋ ಮಹಾರಾಯ ಅನ್ನುತ್ತಾರೆ. ಇಲ್ಲಿ ಮಾಡಿದ್ದನ್ನು ಉಣ್ಣಲು ಯಾರೂ ಬರುತ್ತಿರಲಿಲ್ಲ. ಮನೆಯೊಡೆಯರು ಮಾತ್ರ, "ಒಂದು ಕಾಗೇನೂ ಇತ್ತ ಸುಳಿಯಲ್ಲ ಸ್ವಾಮಿ, ನಿಮ್ಮ ಕೆಲಸ ಅಂದ್ರೆ ಕೆಲಸ" ಎಂದು ಕೈ ಕುಲುಕಿ ಕಳಿಸಿದರು. ಅಷ್ಟು ಕಹಿಯಾದ ಹೊಗಳಿಕೆಯನ್ನು ಅವನು ಜನ್ಮದಲ್ಲಿ ಕೇಳಿರಲಿಲ್ಲ.

ಮನೆಗೆ ಮರಳಿದಾಗ, ಬೆಳಗಿನಿಂದ ಹನಿ ನೀರೂ ಮುಟ್ಟದ ಅಮ್ಮ ಬಾಗಿಲಲ್ಲೇ ನಿಂತಿದ್ದಳು. "ನಿಮ್ಮಪ್ಪ ಹಸಿವು ತಡೆಯೋರಲ್ಲ ಕಣೋ" ಎಂದಳು.

"ಮೂಲೆ ಕಟ್ಟಡಕ್ಕೆ ಹೋಗೋಣ್ವಾ?" ಎಂದಳು ಹೆಂಡತಿ, ಮೆಲ್ಲಗೆ.

ಅಲ್ಲಿ ಬಲೆ ಕಟ್ಟಿದ್ದವನು ಅವನ ಪೈಪೋಟಿಗಾರ. ಯಜಮಾನ ಅವನಿಗಿಟ್ಟ ಹೆಸರು ತೂತುಬಲೆ. ಅಮ್ಮ, ಮಗ, ಸೊಸೆ ಮೂವರೂ ಏದುಸಿರು ಬಿಡುತ್ತಾ ಮೇಲೆ ಹತ್ತಿದಾಗ ತೂತುಬಲೆ ತನ್ನ ಬಲೆಗೆ ತೇಪೆ ಹಾಕುತ್ತಿದ್ದ. ಅದೇ ಬಲೆಯ ಮೇಲೆ ಸಾಲಾಗಿ ಕುಳಿತ ಕಾಗೆಗಳು ಅವನ ಕೆಲಸದ ಉಸ್ತುವಾರಿ ನೋಡಿಕೊಳ್ಳುತ್ತಿದ್ದವು.

"ಬನ್ನಿ ಯಜಮಾನ್ರೇ, ಇಲ್ಲೇ ಇಡಿ" ಎಂದು ತೂತುಬಲೆ ಜಾಗ ಬಿಟ್ಟ, ಒಂದು ಕುಹಕದ ಮಾತೂ ಆಡದೆ.

ಎಲೆ ನೆಲ ಮುಟ್ಟುವ ಮೊದಲೇ ಒಂದು ದಪ್ಪ ಕಾಗೆ ಇಳಿದು ಪಿಂಡಕ್ಕೆ ಬಾಯಿ ಹಾಕಿತು. ಅಮ್ಮ ನಗುತ್ತಲೇ ಸೆರಗಿನಿಂದ ಕಣ್ಣೊರೆಸಿಕೊಂಡಳು. ಯಜಮಾನ ಕಾಗೆಗೆ ಕೈ ಮುಗಿದ.

ಅಮ್ಮ ಮಾತ್ರ ತೂತುಬಲೆಯ ಕಡೆ ತಿರುಗಿದಳು.

"ನಮ್ಮ ಮಾಳಿಗೆಗೂ ನೀನೇ ಬಂದು ಬಲೆ ಕಟ್ಟಿಕೊಡಪ್ಪ."