ಅತ್ತೆಯ ಸೀರೆಗೆ ನಾನು ಹಾಕಿದ ಗಂಟು

ಗಂಟು ಹಾಕುವ ವಿದ್ಯೆಯಲ್ಲಿ ಗಂಗೊಳ್ಳಿಯಿಂದ ಕೋಡಿಯವರೆಗೆ ನನ್ನನ್ನು ಮೀರಿಸುವವರಿಲ್ಲ. ಇದು ಜಂಬದ ಮಾತಲ್ಲ. ನಾನು ಬಲೆ ಕಟ್ಟುವವನು. ನಾನು ಕಟ್ಟಿದ ಬಲೆ ಹರಿದದ್ದುಂಟು, ಕಲ್ಲಿಗೆ ಸಿಕ್ಕಿ ಚಿಂದಿಯಾದದ್ದುಂಟು, ಒಮ್ಮೆ ಬಲೆಗೆ ಬಲೆಯೇ ಕಡಲಪಾಲಾದದ್ದೂ ಉಂಟು. ಆದರೆ ನಾನು ಹಾಕಿದ ಗಂಟು ಬಿಚ್ಚಿಕೊಂಡ ದಾಖಲೆ ಇಲ್ಲ! ಇಂಥ ಕೈಗೆ ಒಂದು ಸೀರೆ ಯಾವ ಮಹಾ ಲೆಕ್ಕ ಎಂದು ನನಗೆ ಅನಿಸಿದ್ದರಲ್ಲಿ ತಪ್ಪೇನಿತ್ತು, ನೀವೇ ಹೇಳಿ.

ಇದಕ್ಕೆಲ್ಲ ಮೂಲ ನನ್ನ ಹೆಂಡತಿ ಗಿರಿಜೆಯ ತಮ್ಮ ಸುರೇಶ. ಅವನು ಕಲ್ಲಿದ್ದಲು ಸಾಗಿಸುವ ಹಡಗಿನಲ್ಲಿ ಅಡುಗೆಯವನು. ಹಡಗು ಇಂಡೋನೇಷ್ಯಾದ ಬೋರ್ನಿಯೊ ದ್ವೀಪಕ್ಕೆ ಹೋಗಿ ಕಲ್ಲಿದ್ದಲು ತುಂಬಿಸಿಕೊಂಡು ಮಂಗಳೂರಿಗೆ ಬರುತ್ತದೆ. ಊರಿಗೆಲ್ಲ ಆಗಷ್ಟೇ ಮೊಬೈಲ್ ಬಂದಿದ್ದ ಕಾಲ. ಒಮ್ಮೆ ರಜೆಗೆ ಬಂದವನು ಅಕ್ಕನಿಗೆ ಅಲ್ಲಿಂದ ಒಂದು ಬಟ್ಟೆ ತಂದ. ಅರಶಿನ ಬಣ್ಣದ ಮೈ, ಉದ್ದಕ್ಕೂ ಗರಗಸದ ಹಲ್ಲಿನಂಥ ಬಿಳಿ ಗೆರೆಗಳು. ಆ ಗೆರೆಯೂ ಚುಕ್ಕಿ ಚುಕ್ಕಿಯಾಗಿ, ಅಂಚಿನಲ್ಲಿ ಸ್ವಲ್ಪ ಮಸುಕಾಗಿ, ನೋಡಿದಷ್ಟೂ ನೋಡಬೇಕು ಅನ್ನುವ ಹಾಗೆ. ಬಂಜಾರ್ ಎಂಬ ಅಲ್ಲಿಯ ಜನ ಮಾಡುವ ಬಟ್ಟೆಯಂತೆ, ಹೆಸರು ಸಾಸಿರಂಗನ್.

“ಇದನ್ನ್ ಹ್ಯಾಂಗ್ ಮಾಡುದ್ ಮಾರಾಯ?” ಎಂದು ಕೇಳಿದೆ.

“ಸಸಾರ ಭಾವ. ಬಟ್ಟಿ ಮೇಲೆ ಗೆರಿ ಎಳ್ದ್, ಗೆರಿ ಹಿಡ್ಕಂಡ್ ಸೂಜಿ ಓಡ್ಸುದ್. ಮತ್ತೆ ನೂಲ್ ಹಿಡ್ದ್ ಎಳುದ್. ಬಟ್ಟಿ ಮುದ್ದಿ ಆತ್ತ್. ಅದನ್ನ್ ಬಣ್ಣಕ್ಕೆ ಹಾಕುದ್. ನೂಲ್ ಬಿಗಿ ಹಿಡ್ದಲ್ಲಿ ಬಣ್ಣ ಹೊಕ್ಕುದಿಲ್ಲ. ಕಡಿಗೆ ನೂಲ್ ಬಿಚ್ಚಿರೆ ಚಿತ್ರ ಬತ್ತ್.”

“ಈ ಗರಗಸ ಎಂತದ್?”

“ಅದ್ ಹೊಳಿ ಮೀನಿನ ಹಲ್ಲಂಬ್ರ್.”

ಮೀನಿನ ಹಲ್ಲು! ನೂಲು, ಸೂಜಿ, ಮೀನು. ಆ ಜನವೂ ನಮ್ಮ ಹಾಗೆ ನೀರಿನ ಬದಿಯವರೇ, ದೋಣಿಯಲ್ಲೇ ಸಂತೆ ಮಾಡುವವರು ಎಂದು ಸುರೇಶ ಹೇಳಿದ. ಹಿಂದೆ ಕಾಯಿಲೆ ಬಿದ್ದವರಿಗೆ ಈ ಬಟ್ಟೆ ಹೊದಿಸುತ್ತಿದ್ದರಂತೆ, ಕಾಮಾಲೆಯಾದವರಿಗೆ ಅರಶಿನ ಬಣ್ಣದ್ದು. ಅವನು ರಜೆ ಮುಗಿಸಿ ಹಡಗು ಹತ್ತಿದ. ವಿದ್ಯೆ ಮಾತ್ರ ನನ್ನ ತಲೆಯಲ್ಲಿ ಇಳಿದು ಕೂತಿತು.

ಇಲ್ಲಿ ನನ್ನ ಹೆಂಡತಿ ಮತ್ತು ಅವಳ ತಂಗಿ ಶಕುಂತಲೆಯ ವಿಷಯ ಹೇಳಬೇಕು. ಶಕುಂತಲೆ ಇರುವುದು ಕೋಟೇಶ್ವರದಲ್ಲಿ. ನಮ್ಮ ಹೊಸ ಮನೆಯ ಒಕ್ಕಲಿನ ದಿನ ಅವಳು ಅಕ್ಕ ಮಾಡಿದ ಮೀನುಸಾರು ಉಂಡು, “ಹುಳಿ ಒಂಚೂರ್ ಜಾಸ್ತಿ ಆಯ್ತ್” ಅಂದಳು. ಅಷ್ಟೇ. ಅಂದಿನಿಂದ ಅಕ್ಕತಂಗಿಯರ ನಡುವೆ ಮಾತಿಲ್ಲ. ಎರಡೂ ಕಡೆಯ ಅಂಚೆಯಣ್ಣ ನಾನು. ಹುಳಿ ನಿಜವಾಗಿಯೂ ಜಾಸ್ತಿಯಾಗಿತ್ತು, ಆದರೆ ಅದನ್ನು ನಾನು ಈವರೆಗೆ ಯಾರ ಹತ್ತಿರವೂ ಹೇಳಿಲ್ಲ.

ಅಂಥ ಶಕುಂತಲೆ ಒಂದು ದಿನ ಮಗಳು ಅಶ್ವಿನಿಯನ್ನು ಕರೆದುಕೊಂಡು ನಮ್ಮ ಮನೆ ಮೆಟ್ಟಿಲು ಹತ್ತಿದಳು. ಅಶ್ವಿನಿಗೆ ಮದುವೆ ಗೊತ್ತಾಗಿತ್ತು. ಅಕ್ಕನ ಪಕ್ಕದಲ್ಲೇ ಕೂತು ಶಕುಂತಲೆ ನನ್ನ ಮುಖ ನೋಡಿ, “ಭಾವ, ಅಕ್ಕನ ಹತ್ರ ಹೇಳಿ, ಹೆಣ್ಣಿಗೆ ಅಕ್ಕ ಹೊದ್ಕಂಬ ಆ ಬಟ್ಟಿ ಹಾಂಗಿನ ಸೀರಿಯೇ ಬೇಕಂಬ್ರ್” ಅಂದಳು.

ಗಿರಿಜೆ ಗೋಡೆ ನೋಡುತ್ತ, “ಹ್ವಾಯ್, ಅವ್ರ್ ಚಾ ಕುಡಿತ್ರಾ ಕೇಣಿ” ಅಂದಳು.

ಅಶ್ವಿನಿ ಚೀಲದಿಂದ ಒಂದು ಸೀರೆ ತೆಗೆದಳು. ಹಾಲುಬಣ್ಣದ ನೂಲಿನ ಸೀರೆ, ಒಂದು ಚುಕ್ಕಿಯೂ ಇಲ್ಲದ್ದು. ನನ್ನ ತೀರಿಹೋದ ಅತ್ತೆಯದು, ಅಂದರೆ ಅಕ್ಕತಂಗಿಯರ ಅಬ್ಬಿಯದು. ಬೊಂಬಾಯಿಯಿಂದ ಯಾರೋ ತಂದುಕೊಟ್ಟದ್ದನ್ನು ಅತ್ತೆ ಒಂದು ದಿನವೂ ಉಡದೆ ಪೆಟ್ಟಿಗೆಯಲ್ಲಿಟ್ಟು, ಮುಟ್ಟಿ ಮುಟ್ಟಿ ನೋಡಿ ಹೋಗಿಬಿಟ್ಟರು. “ಅಜ್ಜಿ ಸೀರಿಗೆ ಆ ಚಿತ್ರ ಹಾಕಿರೆ, ಮದಿ ಮರ್ದಿನ ಗಂಡಿನ್ ಮನಿ ಊಟಕ್ಕೆ ಅದನ್ನೇ ಉಡ್ತೆ ದೊಡ್ಡಪ್ಪಯ್ಯ. ಸುರೇಶ ಮಾವ ಹಡಗಗೆ ಇದ್ದ. ಯಾರ್ ಮಾಡುದ್?” ಎಂದಳು ಹುಡುಗಿ.

ಯಾರು ಮಾಡುವುದು! ಮನೆಯೊಳಗೆ ಗಂಗೊಳ್ಳಿಯ ಗಂಟುಸಾರ್ವಭೌಮ ಕೂತಿರುವಾಗ ಇದು ಕೇಳುವ ಪ್ರಶ್ನೆಯೇ? ನಾನು ಪಂಚೆ ಸರಿಮಾಡಿಕೊಂಡು ಎದ್ದು ನಿಂತು, “ನಾನ್ ಮಾಡ್ತೆ” ಎಂದು ಘೋಷಿಸಿದೆ.

ಆಗ ಒಂದು ಆಶ್ಚರ್ಯ ನಡೆಯಿತು. ಶಕುಂತಲೆ ನೇರವಾಗಿ ಗಿರಿಜೆಯ ಕಡೆ ತಿರುಗಿ, “ಅಕ್ಕ, ಅಬ್ಬಿ ಸೀರಿ. ಜಾಗ್ರತಿ” ಅಂದಳು. ಗಿರಿಜೆಯೂ ಗೋಡೆ ಬಿಟ್ಟು ತಂಗಿಯನ್ನು ನೋಡಿ, “ನಾನ್ ಇದ್ದೆ ಅಲ್ದಾ” ಅಂದಳು. ನನಗೆ ಕಣ್ಣು ತುಂಬಿ ಬಂತು. ವರ್ಷಗಟ್ಟಲೆ ಮುರಿದುಬಿದ್ದ ಮಾತು ನನ್ನೊಬ್ಬನ ಕೈಚಳಕದ ಮೇಲೆ ನಿಂತಿತ್ತು. ಅವರು ಹೋದ ಮೇಲೆ ಗಿರಿಜೆ ಸಣ್ಣ ದನಿಯಲ್ಲಿ, “ಇದೊಂದ್ ಹಾಳಾರೆ ತಂಗಿ ಇನ್ನ್ ಈ ಬಾಗ್ಲಿಗೆ ಬಪ್ದಿಲ್ಲ, ಗೊತ್ತಿತ್ತಲ್ದಾ?” ಎಂದಳು. ಗೊತ್ತಿತ್ತು.

ಮರುದಿನವೇ ಕೆಲಸ ಶುರು. ಪೆನ್ಸಿಲಿನಲ್ಲಿ ಸೀರೆಯ ಉದ್ದಕ್ಕೂ ಮೀನಿನ ಹಲ್ಲು ಬರೆದೆ. ಬಂಜಾರ್ ಜನ ಹೊಳೆ ಮೀನಿನ ಹಲ್ಲು ಬರೆದರೆ ನಾನು ಕಡಲಿನವನು, ತಾಟೆಯ, ಅಂದರೆ ಶಾರ್ಕಿನ, ಹಲ್ಲನ್ನೇ ಬರೆದೆ. ಗಿರಿಜೆ ಹತ್ತಿನೂಲಿನ ಉಂಡೆ ತಂದಿಟ್ಟಳು.

“ಹತ್ತಿ ನೂಲಾ?” ನಾನು ನಕ್ಕೆ. “ಕುದಿ ನೀರಗೆ ಕಡ್ದ್ ಹೋರೆ ನನ್ ಮರ್ಯಾದಿ ಎಂತ ಆಯ್ಕ್?”

“ಕಡಿಗೆ ಬಿಚ್ಚುದಿತ್ತಲೆ ಮಾರಾಯ್ರೆ.”

“ಕಟ್ಟುಕೆ ಬಪ್ಪವಂಗೆ ಬಿಚ್ಚುಕೆ ಬತ್ತಿಲ್ಯಾ?”

ಈ ಮಾತನ್ನು ನೆನಪಿಡಿ. ಗಿರಿಜೆಯಂತೂ ಮರೆತಿಲ್ಲ.

ಬಲೆಗೆ ಹಾಕುವ ನೈಲಾನ್ ನೂಲು ತೆಗೆದು ಹೊಲಿದೆ. ಹೊಲಿಗೆ ಅಂದರೆ ಎಂಥ ಹೊಲಿಗೆ! ಇರುವೆ ಸಾಲು. ಆಮೇಲೆ ಎಳೆಯುವ ಶಾಸ್ತ್ರ. ಒಬ್ಬನೇ ಎಳೆದರೆ ಬಿಗಿ ಸಾಲದು ಅನಿಸಿ ಪಕ್ಕದ ಮನೆಯ ಮಂಜಣ್ಣನನ್ನು ಕರೆದೆ. ಅವನು ದೋಣಿಯಲ್ಲಿ ಬಲೆ ಎಳೆಯುವವನು. ಅಂಗಳದ ತೆಂಗಿನಮರಕ್ಕೆ ಕಾಲು ಕೊಟ್ಟು ಅವನು ಆ ಕಡೆ, ಹೊಸ್ತಿಲಿಗೆ ಕಾಲು ಕೊಟ್ಟು ನಾನು ಈ ಕಡೆ. ಎಳೆದೆವು. ಅಭ್ಯಾಸಬಲದಿಂದ ಮಂಜಣ್ಣ “ಐಸಾ” ಎಂದೂ ಕೂಗಿದ! ಅಷ್ಟುದ್ದದ ಸೀರೆ ಸುರುಟಿ ಸುರುಟಿ ಹಲಸಿನಕಾಯಿಯಷ್ಟಾಯಿತು, ಇನ್ನೊಮ್ಮೆ ಎಳೆದಾಗ ತೆಂಗಿನಕಾಯಿಯಷ್ಟಾಯಿತು. ಪ್ರತಿ ತುದಿಗೂ ಬಲೆಯ ಗಂಟು ಹಾಕಿ, ಗಂಟಿನ ಮೇಲೆ ಗಂಟು ಹಾಕಿ, ನೂಲಿನ ತುದಿಯನ್ನು ಊದುಬತ್ತಿಯಿಂದ ಸುಟ್ಟು ಕರಗಿಸಿ ಅಂಟಿಸಿಬಿಟ್ಟೆ. ಬಲೆಗೆ ಹೀಗೆಯೇ ಮಾಡುವುದು. ತೆರೆ ಹೊಡೆದರೂ ಜಾರಬಾರದಲ್ಲ!

“ಸೀರಿ ಉಟ್ಕಂಡ್ ಕಡ್ಲಿಗೆ ಹಾರುದಿತ್ತಾ ಅಶ್ವಿನಿ?” ಎಂದು ಗಿರಿಜೆ ಕೇಳಿದಳು. ಕಲಾವಿದರು ಇಂಥ ಮಾತಿಗೆ ಉತ್ತರ ಕೊಡುವುದಿಲ್ಲ.

ಕುಂದಾಪುರದ ಅಂಗಡಿಯಿಂದ ಅರಶಿನ ಬಣ್ಣದ ಪುಡಿ ತಂದೆ. ಬಣ್ಣ ಕುದಿಸಲು ಅಡುಗೆಯ ಪಾತ್ರೆ ಮುಟ್ಟಲು ಗಿರಿಜೆ ಬಿಡಲಿಲ್ಲ. ಬಚ್ಚಲಿನ ಹಂಡೆ ಇತ್ತು. ಸೀರೆಯ ಮುದ್ದೆ ಹಂಡೆಯಲ್ಲಿ ಕುದಿದು ಕುದಿದು ಹೊರಬಂದಾಗ ಅಪ್ಪಟ ಬಂಗಾರದ ಗಟ್ಟಿ. ನನ್ನ ಆನಂದಕ್ಕೆ ಪಾರವಿಲ್ಲ. ಆ ಆನಂದದಲ್ಲಿ ಹಂಡೆ ತೊಳೆಯುವುದು ಮರೆತುಹೋಯಿತು.

ಮರುದಿನ ನಸುಕಿಗೆ ಅದೇ ಹಂಡೆಯಲ್ಲಿ ನೀರು ಕಾಯಿಸಿ, ತಲೆಯಿಂದ ಕಾಲಿನವರೆಗೆ ಮಿಂದು ಬಂದರಿಗೆ ಹೋದೆ. ಮೊದಲು ಸಿಕ್ಕಿದವನು ನನ್ನನ್ನು ನೋಡಿ ಎರಡು ಹೆಜ್ಜೆ ಹಿಂದೆ ಸರಿದ.

“ಹ್ವಾಯ್, ಎಂತ ಕತಿ ನಿಮ್ದ್? ಕಾಮಾಲಿ ಅಲ್ದಾ ಇದ್!”

ಸುದ್ದಿ ನನಗಿಂತ ಮುಂಚೆ ಮನೆ ತಲುಪಿತು. ಕಾಮಾಲೆಗೆ ಮದ್ದೆಂದು ಯಾರೋ ನೆಲನೆಲ್ಲಿ ಅರೆದು ತಂದರು. ಬಣ್ಣ ಎಂದು ಎಷ್ಟು ಹೇಳಿದರೂ, “ತಲಿಗ್ ಏರಿತ್ತ್, ಅದ್ಕೇ ಹಾಂಗ್ ಹೇಳುದ್” ಎಂದು ಮಂಜಣ್ಣ ನನ್ನ ಮೂಗು ಹಿಡಿದು ಕುಡಿಸಿಯೇ ಬಿಟ್ಟ. ಬೋರ್ನಿಯೊದಲ್ಲಿ ಈ ಬಟ್ಟೆಯಿಂದ ಕಾಮಾಲೆ ವಾಸಿಯಾಗುತ್ತಿತ್ತಂತೆ. ಗಂಗೊಳ್ಳಿಯಲ್ಲಿ ಈ ಬಟ್ಟೆಯಿಂದ ಕಾಮಾಲೆ ಬಂತು!

ಇರಲಿ. ಸೀರೆಯ ಮುದ್ದೆ ಒಣಗಿತು. ಬಿಚ್ಚುವ ಮುಹೂರ್ತ ಬಂತು. ಗಿರಿಜೆ ಹೊಸ ಚಾಪೆ ಹಾಸಿದಳು. ನಾನು ಕೂತು, ಮುದ್ದೆಯನ್ನು ಮಡಿಲಲ್ಲಿಟ್ಟುಕೊಂಡು ನೂಲಿನ ತುದಿ ಹುಡುಕಿದೆ.

ನೂಲು ಇಲ್ಲ!

ಇರಲೇಬೇಕು. ಆದರೆ ಎಲ್ಲಿ? ನೈಲಾನು ಸೀರೆಗಿಂತ ಚೆನ್ನಾಗಿ ಬಣ್ಣ ಕುಡಿದಿತ್ತು. ಬಟ್ಟೆಯೂ ಹಳದಿ, ನೂಲೂ ಹಳದಿ, ಹುಡುಕುತ್ತಿದ್ದ ನನ್ನ ಕೈಯೂ ಹಳದಿ. ಅಂತೂ ಒಂದು ಗಂಟು ಸಿಕ್ಕಿತು. ಉಗುರು ಹಾಕಿದೆ, ಉಗುರು ಹೋಯಿತು. ಹಲ್ಲು ಹಾಕಿದೆ, ಹಲ್ಲು ಅಲ್ಲಾಡಿತು. ನಾನು ಹಾಕಿದ ಗಂಟು ಬಿಚ್ಚುವುದಿಲ್ಲ ಎಂದು ಊರಿಗೆಲ್ಲ ಹೇಳಿಕೊಂಡು ತಿರುಗಿದವನು ನಾನೇ ತಾನೆ? ಆಗ ಹೊಳೆಯಿತು, ಬಲೆ ಕೆಲಸದಲ್ಲಿ ಗಂಟು ಬಿಚ್ಚುವ ಪಾಠವೇ ಇಲ್ಲ. ಹಾಳಾದ ಕಡೆ ಕತ್ತರಿಸಿ ಬಿಸಾಡಿ ಹೊಸದು ಕಟ್ಟುವುದು, ಅಷ್ಟೇ. ಇಡೀ ಜೀವಮಾನದಲ್ಲಿ ನಾನು ಒಂದು ಗಂಟನ್ನೂ ಬಿಚ್ಚಿದವನಲ್ಲ.

ಅಷ್ಟರಲ್ಲಿ ಯಾವುದೋ ಬಂದರಿನಿಂದ ಸುರೇಶನ ಫೋನು ಬಂತು. ಗಿರಿಜೆ ವಿಷಯ ಹೇಳಿ ಫೋನನ್ನು ನನ್ನ ಕೈಗಿಟ್ಟಳು.

“ಭಾವ, ಒಂದ್ ಬದಿ ಎಳ್ದ್ರೆ ಬಿಚ್ಚ್‌ಕಂಬ ಹಾಂಗೆ ಗಂಟ್ ಹಾಕಿದ್ರಿ ಅಲ್ದಾ?”

ನಾನು ಫೋನನ್ನು ಇನ್ನೊಂದು ಕಿವಿಗೆ ಇಟ್ಟುಕೊಂಡೆ.

“ಹತ್ತಿ ನೂಲೇ ಅಲ್ದಾ?”

ಲೈನು ಸರಿ ಇಲ್ಲ ಎಂದು ಹೇಳಿ ಫೋನು ಇಟ್ಟೆ.

ಮದುವೆಯ ಹಿಂದಿನ ದಿನ ಬಂಗಾರದ ಗಟ್ಟಿಯನ್ನು ಚೀಲದಲ್ಲಿ ಹಾಕಿಕೊಂಡು ನಾವಿಬ್ಬರೂ ಕೋಟೇಶ್ವರದ ಬಸ್ಸು ಹತ್ತಿದೆವು. ದಾರಿಯುದ್ದಕ್ಕೂ ಗಿರಿಜೆ ಚೀಲವನ್ನು ಮಡಿಲಲ್ಲಿಟ್ಟುಕೊಂಡು ಕಿಟಕಿಯ ಹೊರಗೆ ನೋಡುತ್ತಿದ್ದಳು. ಅವಳು ಬೈದಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು. ತಂಗಿಯ ಮನೆಗೆ ಅಷ್ಟು ವರ್ಷಗಳ ಮೇಲೆ ಹೋಗುತ್ತಿದ್ದಾಳೆ, ಅದೂ ಹೀಗೆ!

ಶಕುಂತಲೆ ಚೀಲದೊಳಗೆ ಇಣುಕಿ, “ಸೀರಿ ಎಲ್ಲಿತ್ತ್ ಭಾವ?” ಅಂದಳು.

“ಅದೇ.”

ಅವಳು ಮುದ್ದೆಯನ್ನು ಕೈಗೆತ್ತಿಕೊಂಡು ತಿರುಗಿಸಿ ನೋಡಿದಳು. ಆಮೇಲೆ ಅಕ್ಕನನ್ನು ನೋಡಿದಳು. ಗಿರಿಜೆಯ ಕಣ್ಣಲ್ಲಿ ನೀರು. ನಾನು ಹೊರಗೆ ಚಪ್ಪರದ ಕಂಬ ಗಟ್ಟಿಯಾಗಿದೆಯೇ ಎಂದು ಪರೀಕ್ಷಿಸಲು ಹೊರಟೆ.

“ಕೂಕಣಿ ಅಲ್ಲೇ!” ಅಕ್ಕತಂಗಿಯರು ಒಟ್ಟಿಗೆ ಅಂದರು. ಇಬ್ಬರೂ ಒಟ್ಟಿಗೆ ಹೇಳಿದ ಮೊದಲ ಮಾತು ಅದು.

ಮದುವೆಮನೆಯ ಹೆಂಗಸರೆಲ್ಲ ಸುತ್ತ ಕೂತರು. ಬ್ಲೇಡು ಬಂತು, ಸೂಜಿ ಬಂತು, ಯಾರೋ ಕೋಳಿ ಹೆಚ್ಚುವ ಕತ್ತಿಯನ್ನೂ ತಂದರು. ಅಕ್ಕತಂಗಿಯರು ತಲೆಗೆ ತಲೆ ತಾಗಿಸಿ ಗಂಟಿನ ಮೇಲೆ ಗಂಟು ಕೊಯ್ದರು. ಒಂದೊಂದು ಗಂಟಿಗೂ ನನ್ನ ಒಂದೊಂದು ಹಳೆಯ ಪ್ರತಾಪ ಹೊರಬಂತು. ನಾನು ಕೋಳಿಗೂಡಿಗೆ ಬಾಗಿಲು ಇಡುವುದನ್ನು ಮರೆತದ್ದು, ನಮ್ಮದೇ ಮದುವೆಯ ದಿನ ನಾನು ಬೇರೆ ಮದುವೆಯ ಬಸ್ಸು ಹತ್ತಿದ್ದು. ನಗುವೋ ನಗು. ಮಾತಾಡಲು ವಿಷಯವಿಲ್ಲದೆ ಅವರು ಇಷ್ಟು ವರ್ಷ ಸುಮ್ಮನಿದ್ದರು ಎಂದು ಕಾಣುತ್ತದೆ. ಈಗ ಸಿಕ್ಕಿತು. ವಿಷಯ ನಾನು!

ಸಂಜೆಗೆ ಸೀರೆ ಬಿಚ್ಚಿತು. ಸುಳ್ಳು ಹೇಳುವುದಿಲ್ಲ, ಚಿತ್ರ ಬಂದಿತ್ತು. ಅರಶಿನದ ಮೈಮೇಲೆ ಬೆಳ್ಳನೆಯ ತಾಟೆ ಹಲ್ಲು, ಸಾಲಿಗೆ ಸಾಲು, ಸುರೇಶ ತಂದ ಬಟ್ಟೆಗೆ ಏನೇನೂ ಕಡಿಮೆಯಿಲ್ಲ. ಆದರೆ ಅಶ್ವಿನಿ ಅದನ್ನು ಎತ್ತಿ ಹಿಡಿದಾಗ ಪ್ರತಿ ಹಲ್ಲಿನ ಉದ್ದಕ್ಕೂ ಬ್ಲೇಡು ಕೊಯ್ದ, ಊದುಬತ್ತಿ ಸುಟ್ಟ ತೂತುಗಳು. ಅವುಗಳೊಳಗಿಂದ ಕೋಟೇಶ್ವರದ ಬೀದಿಯೆಲ್ಲ ಕಂಡಿತು. ನಾನು ಸೀರೆ ಮಾಡಲು ಹೋಗಿ ಮತ್ತೊಂದು ಬಲೆಯನ್ನೇ ಮಾಡಿದ್ದೆ.

ಹುಡುಗಿಯ ಮುಖ ಸಣ್ಣದಾಯಿತು. ಆಮೇಲೆ ಒಂದು ತೂತಿನೊಳಗಿಂದ ನನ್ನನ್ನು ನೋಡಿ, “ದೊಡ್ಡಪ್ಪಯ್ಯ, ನೀವ್ ಕಾಂತ್ರಿ” ಎಂದು ನಕ್ಕಳು. ಆ ನಗುವಿಗೆ ನಾನು ಈ ಜನ್ಮವಿಡೀ ಋಣಿ. ಗಂಡಿನ ಮನೆ ಊಟಕ್ಕೆ ಅವಳು ಅಂಗಡಿ ಸೀರೆ ಉಟ್ಟಳು.

ಶಕುಂತಲೆ ಮಾತ್ರ ಸೊಂಟಕ್ಕೆ ಕೈಕೊಟ್ಟು, “ಹುಳಿ ಜಾಸ್ತಿ ಅಂದದ್ಕೆ ಅಕ್ಕ ಅಷ್ಟ್ ವರ್ಷ ಮಾತ್ ಬಿಟ್ಲ್. ಅಬ್ಬಿ ಸೀರಿ ತೂತ್ ಮಾಡಿದ್ಕೆ ನಾನ್ ಎಷ್ಟ್ ವರ್ಷ ಬಿಡ್ಕ್?” ಎಂದು ಕೇಳಿದಳು.

ನಾನು ಮತ್ತೆ ಚಪ್ಪರದ ಕಂಬದ ಕಡೆ ನೋಡಿದೆ. ಗಿರಿಜೆ ತಂಗಿಯ ಕೈ ಹಿಡಿದು, “ನೀನ್ ಬಿಡ್ಬೇಡ. ಇವ್ರ ಹತ್ರ ನಾನೇ ಬಿಡ್ತೆ” ಅಂದಳು. ಹೇಳಿದ ಹಾಗೆ ನಡೆದುಕೊಂಡಳು ಕೂಡ. ಒಂದು ವಾರ ನನಗೆ ಬೇಕಾದ್ದನ್ನೆಲ್ಲ ಶಕುಂತಲೆಗೆ ಫೋನು ಮಾಡಿ ಹೇಳಿ, ಅವಳು ಗಿರಿಜೆಗೆ ಫೋನು ಮಾಡಿ, ಹಾಗೆ ನನಗೆ ಊಟ ಸಿಗಬೇಕಾಯಿತು.

ಅಶ್ವಿನಿ ಬಾಣಂತನಕ್ಕೆ ತಾಯಿಮನೆಗೆ ಬಂದಾಗ ಆ ಸೀರೆ ಮತ್ತೆ ಪೆಟ್ಟಿಗೆಯಿಂದ ಹೊರಬಂತು. ಮಗುವಿಗೆ ಜೋಲಿ ಕಟ್ಟಲು ಅಜ್ಜಿಯ ಮೆತ್ತನೆಯ ಹಳೆಯ ಸೀರೆಗಿಂತ ಬೇರೆ ಏನು ಬೇಕು? ನಾಲ್ಕು ಮಡಿಕೆ ಮಾಡಿದರೆ ತೂತು ತೂತನ್ನು ಮುಚ್ಚುತ್ತದೆ, ಮಗುವಿಗೆ ಗಾಳಿಯೂ ಆಡುತ್ತದೆ. ಜೋಲಿ ಜಾರಬಾರದು, ಗಂಟು ಗಟ್ಟಿಯಿರಬೇಕು. ಶಕುಂತಲೆಯೇ ಫೋನು ಮಾಡಿದಳು. “ಭಾವ, ನೀವೇ ಬಂದ್ ಕಟ್ಕ್.”

ನಾನು ಎದೆಯುಬ್ಬಿಸಿಕೊಂಡು ಹೋದೆ. ನೈಲಾನ್ ಹಗ್ಗವನ್ನು ತೂತು ತೂತಿಗೂ ಪೋಣಿಸಿ, ಹಗ್ಗ ಸೀರೆಯ ಮಡಿಕೆಯೊಳಗೆ ಹೂತುಹೋಗುವ ಹಾಗೆ ಮನೆಯ ತೊಲೆಗೆ ಬಿಗಿದೆ. ಗಂಟಿನ ಮೇಲೆ ಗಂಟು ಹಾಕಿ, ತುದಿಯನ್ನು ಊದುಬತ್ತಿಯಿಂದ ಸುಟ್ಟೆ. ಗಿರಿಜೆ ಜೋಲಿಯನ್ನು ಎಳೆದು ನೋಡಿ, “ಇದ್ ಸರಿ ಆಯ್ತ್” ಎಂದಳು. ನನ್ನ ಕೈಗೆ ಅವಳಿಂದ ಸಿಕ್ಕಿದ ಒಂದೇ ಒಂದು ಸರ್ಟಿಫಿಕೇಟು ಅದು.

ಆ ಮಗು ಈಗ ಶಾಲೆಗೆ ಹೋಗುತ್ತದೆ. ಜೋಲಿ ಇನ್ನೂ ಶಕುಂತಲೆಯ ಮನೆಯ ನಡುಮನೆಯಲ್ಲೇ ನೇತಾಡುತ್ತಿದೆ. ಬಂದವರ ತಲೆಗೆಲ್ಲ ಬಡಿಯುತ್ತದೆ. ಇನ್ನೊಮ್ಮೆ ಬ್ಲೇಡು ಹಾಕಿ ಅಬ್ಬಿಯ ಸೀರೆ ಕೊಯ್ಯಲು ಅಕ್ಕತಂಗಿಯರಿಗೆ ಮನಸ್ಸಿಲ್ಲ. ತೊಲೆಯನ್ನೇ ಕೊಯ್ಯುವುದೋ ಎಂದು ಮೊನ್ನೆ ಆಚಾರಿಯನ್ನು ಕರೆಸಿ ಕೇಳಿದ್ದಾರಂತೆ.

ಬಿಚ್ಚಿಕೊಡಿ ಎಂದು ನನ್ನನ್ನು ಮಾತ್ರ ಯಾರೂ ಕರೆಯುವುದಿಲ್ಲ.